ಬಾಣಲೆಗೆ ಬಿದ್ದ ಹಾಡುಗಳು

ಶಿಡ್ಲಘಟ್ಟದಲ್ಲಿ ಅಮೀರ್ ಸಾಬರ ರೇಷ್ಮೆ ನೂಲು ಬಿಚ್ಚುವ ಶೆಡ್ಡಿನೊಳಗೆ, ಗೂಡು ಬೇಯಿಸುವ ಬಾಣಲೆಯ ಪಕ್ಕದಲ್ಲಿ, ಬಾಗಿಲಿಗೆ ಬೆನ್ನು ಮಾಡಿ ನಾನು ನಿಂತಿದ್ದೆ. ತೊಂಬತ್ತರ ದಶಕದ ನಡುವಿನ ಒಂದು ಬೇಸಿಗೆಯ ಬೆಳಗು. ಅಲ್ಲಿ ನಾನು ಮೊದಲು ಅರ್ಧ ನಿಜ ಹೇಳಿದೆ, ಆಮೇಲೆ ಪೂರ್ತಿ ಸುಳ್ಳು. ನಯಾಜನ ಕ್ಯಾಸೆಟ್‌ಗಳನ್ನು ಬಾಣಲೆಗೆ ಹಾಕಿಸಿದ್ದು ನನ್ನ ಬಾಯಿ.

ನಯಾಜ್ ಅಮೀರ್ ಸಾಬರ ಮಗ, ನನ್ನ ಗೆಳೆಯ. ಅವನ ಮಾಮು, ಅಂದರೆ ತಾಯಿಯ ತಮ್ಮ, ಅಮೆರಿಕದ ದಕ್ಷಿಣದ ಊರೊಂದರಲ್ಲಿ ಪೆಟ್ರೋಲ್ ಬಂಕಿನಲ್ಲಿ ಕೆಲಸಕ್ಕಿದ್ದರು. ದೊಡ್ಡ ಕಂಪನಿಗಳು ಒಳಗೆ ಬಿಡದ ಅಲ್ಲಿನ ಕಪ್ಪು ಹುಡುಗರು ತಮ್ಮದೇ ಸಣ್ಣ ರೆಕಾರ್ಡ್ ಕಂಪನಿ ಮಾಡಿಕೊಂಡು, ರ‍್ಯಾಪ್ ಹಾಡುಗಳ ಕ್ಯಾಸೆಟ್ಟನ್ನು ಕಾರಿನ ಡಿಕ್ಕಿಯಲ್ಲಿಟ್ಟು ಆ ಬಂಕಿನಲ್ಲೇ ಮಾರುತ್ತಿದ್ದರಂತೆ. ಆ ಕಂಪನಿಯ ಒಂದೊಂದು ಆಲ್ಬಮ್ಮನ್ನೂ ಮಾಮು ಊರಿಗೆ ಬರುವವರ ಕೈಲಿ ಕಳಿಸುತ್ತಿದ್ದರು. ನಯಾಜ್ ಅವನ್ನು ಬಿಡುಗಡೆಯಾದ ಸರದಿಯಲ್ಲೇ ಅಮ್ಮನ ಟ್ರಂಕಿನಲ್ಲಿ ಜೋಡಿಸುತ್ತಿದ್ದ. ಒಂದು ಬರುವುದು ತಡವಾದರೆ ಅದರ ಜಾಗ ಖಾಲಿ ಬಿಡುತ್ತಿದ್ದ.

ಚಿಂತಾಮಣಿಯ ನನ್ನ ಕಾಲೇಜಿನಲ್ಲಿ ಮೆರೆಯಲು, ಒಂದನ್ನು ಕೊಡು ಎಂದು ನಯಾಜನನ್ನು ಕೇಳಿದೆ.

"ಇಲ್ಲೇ ಕೇಳು. ನಿನ್ನ ಟೇಪ್‌ರೆಕಾರ್ಡರು ರೀಲು ತಿನ್ತದೆ ಕಣೋ."

ಅವನ ಅಕ್ಕ ಶಮೀಮ್ ನನ್ನನ್ನು ನೋಡಿ ನಕ್ಕಳು. ಅಷ್ಟೇ — ಅಷ್ಟಕ್ಕೇ.

ಮಾರನೆಯ ಬೆಳಗು ಶೆಡ್ಡಿನಲ್ಲಿ ಹಾಡು ಓಡುತ್ತಿದ್ದಾಗ ಅಮೀರ್ ಸಾಬರು ಒಳಬಂದರು. ಕ್ಯಾಸೆಟ್ಟಿನ ಮೇಲಿದ್ದ ಬಂದೂಕಿನ ಚಿತ್ರ ನೋಡಿದರು. ಅಲ್ಲಿ ಬಿ.ಎ. ಓದುತ್ತಿದ್ದವನು ನಾನೊಬ್ಬನೇ; ಇಂಗ್ಲಿಷ್ ಬರುತ್ತದೆಂದು ನನ್ನನ್ನೇ ಕೇಳಿದರು.

"ತಾಯಾಣೆಗೂ ನಿಜ ಹೇಳಪ್ಪ. ಈ ಹಾಡೋನು ಏನು ಹೇಳ್ತಾವ್ನೆ?"

ಹಾಡಿನಲ್ಲಿದ್ದ ಬೈಗುಳಗಳನ್ನಷ್ಟೇ ಹೆಕ್ಕಿ ಹೇಳಿದೆ. ಕನ್ನಡ ಸಾಲದ ಕಡೆ ತೆಲುಗಿನಲ್ಲಿ ಹೇಳಿದೆ. ಅದೇ ಹಾಡಿನಲ್ಲಿ ಹಾಡುಗಾರ, ಕಂಡವರ ಮನೆಯ ನೆಲ ಒರೆಸಿ ಬೆರಳು ಬಾತುಕೊಂಡ ತಾಯಿಯನ್ನು ನೆನೆಯುತ್ತಿದ್ದ. ಆ ಸಾಲನ್ನು ಹಿಂದಕ್ಕೆ ತಿರುಗಿಸಿ ತಿರುಗಿಸಿ ಕೇಳಿ, ನಯಾಜನಿಗೆ ಅರ್ಥ ಹೇಳಿದ್ದವನು ನಾನೇ.

"ಅಮ್ಮನ ಸಾಲು ಹೇಳೋ," ಅಂದ ನಯಾಜ್.

"ನನಗೆ ಅಷ್ಟೇ ಅರ್ಥ ಆಗೋದು," ಅಂದೆ.

ಸಾಬರು ಮನೆಯಿಂದ ತರಿಸಿದ ಟ್ರಂಕು ಬಾಣಲೆಗೆ ಬಗ್ಗಿತು. ಪ್ಲಾಸ್ಟಿಕ್ಕು ಸೊಟ್ಟಗಾಯಿತು, ಕಂದು ಟೇಪು ಬಿಚ್ಚಿಕೊಂಡು ಗೂಡುಗಳಿಗೆ ಸುತ್ತಿಕೊಂಡಿತು. ನೂಲು ತೆಗೆಯುತ್ತಿದ್ದ ಮುನಿಯಮ್ಮ ಕೈ ಹಿಂದಕ್ಕೆಳೆದುಕೊಂಡರು. ಇಂಥದ್ದು ಕಳಿಸುವವನು ಇನ್ನು ಹೊಸಿಲು ತುಳಿಯಕೂಡದು ಎಂದರು ಸಾಬರು. ಮಾಮು ತುಳಿಯಲಿಲ್ಲ. ನಯಾಜನ ತಾಯಿ ತಮ್ಮನನ್ನು ಮತ್ತೆ ಕಾಣದೆಯೇ ತೀರಿಕೊಂಡರು.

ಅವತ್ತು ಸಾಬರು ನನಗೆ ಚಹಾ ತರಿಸಿದರು, ನೀನು ನನ್ನ ಮಗನನ್ನು ಉಳಿಸಿದೆ ಅಂದರು. ನಾನು ಕುಡಿದೆ. ವರ್ಷಗಟ್ಟಲೆ ಆ ಮನುಷ್ಯನ ಮೇಲೆ ಹಲ್ಲು ಕಡಿದೆ — ಮೂಢ, ಒರಟ ಎಂದು. ಥೂ. ಗೊತ್ತಿಲ್ಲದ್ದನ್ನು ಅವರು ಕೇಳಿ ತಿಳಿಯಲು ನೋಡಿದ್ದರು. ಗೊತ್ತಿದ್ದೂ ನುಂಗಿದವನು ನಾನು. ಆ ಸಿಟ್ಟು ಈಗ ಇರಬೇಕಾದ ಕಡೆ ಇದೆ, ಅಲ್ಲೇ ಇರಲಿ.

ಅಮೀರ್ ಸಾಬರು ಈಗಿಲ್ಲ. ಮುನಿಯಮ್ಮ ದಿಬ್ಬೂರಹಳ್ಳಿಯಲ್ಲಿ ಮಗಳ ಮನೆಯಲ್ಲಿದ್ದಾರೆ. ಶಮೀಮ್ ಗೌರಿಬಿದನೂರಿನಲ್ಲಿದ್ದಾಳೆ. ನಯಾಜ್ ಅದೇ ಶೆಡ್ಡಿನಲ್ಲಿದ್ದಾನೆ. ಅವನು ಹಾಡು ಕೇಳುವುದಿಲ್ಲ.