ಚೆನ್ನಾಗಿ ಕನ್ನಡ ಬಂದ ತಪ್ಪಿಗೆ

ಒಬ್ಬ ನಟನ ಕೈಯಿಂದ ನಾನು ಪಾತ್ರ ಕಿತ್ತುಕೊಂಡೆ. ಅವರು ಮಾಡಿದ ತಪ್ಪು ಒಂದೇ — ಕನ್ನಡವನ್ನು ತೀರಾ ಚೆನ್ನಾಗಿ ಮಾತಾಡಿದ್ದು. ಕಿತ್ತುಕೊಂಡದ್ದು ಸಾಲದೆಂದು ಸುಳ್ಳನ್ನೂ ಹೇಳಿದೆ. ನಾಟಕವೇ ರದ್ದಾಯಿತು ಅಂದೆ. ಆಮೇಲೆ ಅದೇ ನಾಟಕವನ್ನು ಲಾಸ್ ಏಂಜಲೀಸ್‌ನಲ್ಲಿ ಆಡಿಸಿ, ಚಪ್ಪಾಳೆ ಹೊಡೆಸಿಕೊಂಡು, ಶಾಲು ಹೊದಿಸಿಕೊಂಡು ಬಂದೆ. ವರ್ಷಗಟ್ಟಲೆ ಬಾಯಿ ಬಿಡಲಿಲ್ಲ. ಈಗ ಬಿಡುತ್ತಿದ್ದೇನೆ.

ನನ್ನನ್ನು ಬಲ್ಲವರಿಗೆ ಗೊತ್ತು, ನಾನು ಸುಮ್ಮನಿರುವ ಹೆಂಗಸಲ್ಲ. ಮೈಸೂರಿನಲ್ಲಿ ಓದಿ, ಸ್ಯಾನ್ ಡಿಯಾಗೋದಲ್ಲಿ ಡಾಕ್ಟರಾಗಿ ದುಡಿದು ರಿಟೈರ್ ಆದವಳು. ಅದೇ ಊರಿನ ರ್ಯಾಂಚೊ ಪೆನಾಸ್ಕಿಟೋಸ್‌ನ ನಮ್ಮ ಮನೆಯ ಗ್ಯಾರೇಜಿನಲ್ಲಿ ಇಲ್ಲಿನ ಕನ್ನಡದವರನ್ನೆಲ್ಲ ಸೇರಿಸಿ ನಾಟಕ ಆಡಿಸುವವಳು. ನಾಲಿಗೆ ಉದ್ದ. 2020ರಲ್ಲಿ ಎಲ್ಲರೂ ಬಾಗಿಲು ಹಾಕಿಕೊಂಡು ಕೂತಿದ್ದಾಗ ನಾನು ಡೆಲ್ ಮಾರ್‌ವರೆಗೆ ಡ್ರೈವ್ ಮಾಡಿಕೊಂಡು ಹೋಗಿ ಸಮುದ್ರದ ಪಕ್ಕ ವಾಕ್ ಮಾಡುತ್ತಿದ್ದೆ. ಒಂದು ಬೆಳಿಗ್ಗೆ ಬೆಂಚಿನ ಮೇಲೆ ಕೂತು, ಮೈಸೂರಿನಲ್ಲಿರುವ ತಂಗಿಯನ್ನು ಫೋನಿನಲ್ಲಿ ಮನಸಾರೆ ಬೈಯುತ್ತಿದ್ದೆ. ಆಚೆ ಬೆಂಚಿನಲ್ಲಿದ್ದ ಮುದುಕರೊಬ್ಬರು ಮಾಸ್ಕ್ ಸರಿಮಾಡಿಕೊಂಡು ಕೇಳಿದರು — ಇಷ್ಟು ಸೊಗಸಾಗಿ ಬೈಯಬಹುದಾದ ಭಾಷೆ ಯಾವುದು?

ಅವರೇ ಗೆಥಿನ್. ವೇಲ್ಸಿನವರು. ಮಗಳು ಕ್ಯಾರಿಸ್ ಮನೆಗೆಂದು ಡೆಲ್ ಮಾರ್‌ಗೆ ಬಂದವರು ಲಾಕ್‌ಡೌನಿನಲ್ಲಿ ಸಿಕ್ಕಿಕೊಂಡು ಇಲ್ಲೇ ಉಳಿದರು. ಬ್ರಿಟಿಷ್ ಸಿನಿಮಾಗಳಲ್ಲಿ ನಲವತ್ತು ವರ್ಷ ಪಾತ್ರ ಮಾಡಿದ್ದಾರೆ — ಆದರೆ ಹೆಸರು ನೀವು ಕೇಳಿರುವುದಿಲ್ಲ. ಪೋಸ್ಟ್‌ಮನ್, ಕಾನ್‌ಸ್ಟೇಬಲ್, ಕಲ್ಲಿದ್ದಲು ಗಣಿಯ ಆಳು, ನಾಯಕ ಬಾಗಿಲು ತಟ್ಟಿದರೆ ತೆಗೆಯುವವನು. ನಮ್ಮ ಸಿನಿಮಾಗಳಲ್ಲೂ ಇರುತ್ತಾರಲ್ಲ, ಮುಖ ಕಂಡ ಕೂಡಲೆ 'ಅಯ್ಯೋ, ಇವರು!' ಅನ್ನುತ್ತೇವೆ, ಹೆಸರು ಮಾತ್ರ ಬಾಯಿಗೆ ಬರುವುದಿಲ್ಲ — ಅಂಥವರು.

ಅವರ ಮನೆಮಾತು ವೆಲ್ಷ್. ಇಂಗ್ಲಿಷನ್ನು ಸ್ಕೂಲಿನಲ್ಲಿ ಕಲಿತರು, ಅಚ್ಚುಕಟ್ಟಾಗಿ ಕಲಿತರು. ಲಂಡನ್ನಿನ ಡೈರೆಕ್ಟರುಗಳಿಗೆ ಆ ಅಚ್ಚುಕಟ್ಟು ಬೇಡ. ಇನ್ನೂ ಸ್ವಲ್ಪ ವೇಲ್ಸಿನವನ ಹಾಗೆ ಮಾತಾಡು ಅನ್ನುತ್ತಿದ್ದರಂತೆ — ಅಂದರೆ ರಾಗ ಎಳೆದು, ಪೆದ್ದುಪೆದ್ದಾಗಿ, ಅವರ ಊರಿನಲ್ಲಿ ಯಾರೂ ಮಾತಾಡದ ಹಾಗೆ. ಎಳೆದರು. ಹೊಟ್ಟೆಪಾಡು. ಮೊದಲ ಸಿನಿಮಾ ಊರಿನ ಟಾಕೀಸಿಗೆ ಬಂದಾಗ ತಾಯಿಯನ್ನು ಕರೆದುಕೊಂಡು ಹೋದರಂತೆ. ಆಕೆ ಕೊನೆಯವರೆಗೂ ನೋಡಿ, ಹೊರಗೆ ಬಂದು, ಕೇಳಿದ್ದು ಇಷ್ಟೇ — "ಯಾಕೋ ಹಾಗೆ ಮಾತಾಡಿದೆ? ನಾವು ಹಾಗಿದ್ದೀವಾ?" ಮತ್ತೆ ಮಗನ ಯಾವ ಸಿನಿಮಾಕ್ಕೂ ಆಕೆ ಹೋಗಲಿಲ್ಲ. ಇದನ್ನು ನನಗೆ ಅವರೇ ಹೇಳಿದ್ದರು, ನಮ್ಮ ಮನೆಯ ಅಡುಗೆಕೋಣೆಯಲ್ಲಿ, ಕಾಫಿ ಕುಡಿಯುತ್ತಾ. ನಾನು ಮಾಡಿದ್ದನ್ನು ಗೊತ್ತಿಲ್ಲದೆ ಮಾಡಲಿಲ್ಲ.

ಮರುವರ್ಷ ನಾನೊಂದು ಹಾಸ್ಯನಾಟಕ ಬರೆದೆ. ಬ್ರಿಟಿಷರ ಕಾಲ, ಹಳ್ಳಿಯೊಂದಕ್ಕೆ ದೊರೆ ಬರುತ್ತಾನೆ. ದೊರೆಯ ಪಾತ್ರಕ್ಕೆ ನಿಜವಾದ ಸಿನಿಮಾ ನಟ ಸಿಕ್ಕಿಬಿಟ್ಟರಲ್ಲ ಎಂದು ನನಗೆ ಕಾಲು ನೆಲದ ಮೇಲೆ ನಿಲ್ಲಲಿಲ್ಲ. ಕೇಳಿದ ತಕ್ಷಣ ಅವರು ಒಪ್ಪಿದರು. ಒಪ್ಪಿ, ಹಟ ಹಿಡಿದು ನನ್ನಿಂದ ಕನ್ನಡ ಕಲಿತರು. ನಮ್ಮ ಳಕಾರ ಅವರಿಗೆ ತುಂಬ ಹಿಡಿಸಿತು. ಅವರ ಭಾಷೆಯಲ್ಲಿ ನಾಲಿಗೆಯ ಪಕ್ಕದಿಂದ ಗಾಳಿ ಬಿಟ್ಟು ಹೇಳುವ ಒಂದು ಅಕ್ಷರವಿದೆ. ಅದು ನನಗೆ ಇವತ್ತಿಗೂ ಬಂದಿಲ್ಲ. ನಮ್ಮದು ಅವರಿಗೆ ಬೇಗ ಬಂತು. ಇಲ್ಲೇ ಹುಟ್ಟಿದ ನಮ್ಮ ಮಕ್ಕಳು ರಿಹರ್ಸಲಿನಲ್ಲಿ 'ನಮ್ಮ ಹಲ್ಲಿ' ಅಂದರೆ ಅವರು ಗೋಡೆಯ ಕಡೆ ಕೈ ತೋರಿಸಿ, ಹಲ್ಲಿ ಅಲ್ಲಿರುತ್ತೆ, ನಾವಿರೋದು ಹಳ್ಳೀಲಿ ಎಂದು ತಿದ್ದುತ್ತಿದ್ದರು. ಮಕ್ಕಳು ಬಿದ್ದು ಬಿದ್ದು ನಕ್ಕು, ಕಲಿತೂಬಿಟ್ಟರು.

ನನಗೆ ಮಾತ್ರ ಒಳಗೊಳಗೇ ಕಸಿವಿಸಿ. ಯಾಕೆಂದರೆ ನಾನು ಬರೆದ ಸಾಲು 'ಈ ಹಲ್ಲಿ ನಮ್ಡು'. ನಗು ಇರುವುದೇ ಅಲ್ಲಿ. ದೊರೆ ಬಂದು ಚೊಕ್ಕವಾಗಿ 'ಈ ಹಳ್ಳಿ ನಮ್ಮದು' ಅಂದರೆ ಯಾರು ನಗುತ್ತಾರೆ? ಒಂದು ಭಾನುವಾರ, ಎಲ್ಲರೂ ಹೊರಟ ಮೇಲೆ, ಹೇಳಿದೆ — "ಗೆಥಿನ್, ಸ್ವಲ್ಪ ತಪ್ಪಾಗಿ ಹೇಳಿ. ಜನ ನಗಬೇಕು."

ಅವರು ಕನ್ನಡಕ ತೆಗೆದು ಒರೆಸಿದರು. ತಪ್ಪಾಗಿ ಮಾತಾಡುವುದು ನನಗೆ ಬರುತ್ತದೆ ವಿಮಲಾ, ಜೀವನವೆಲ್ಲ ಅದನ್ನೇ ಮಾಡಿದೆ, ಇದೊಂದನ್ನು ಸರಿಯಾಗಿ ಹೇಳುವುದಕ್ಕೆ ಬಿಡಿ — ಎಂದರು. ನಾನು ಆಯಿತು ಅಂದೆ. ಆಯಿತು ಅಂದವಳಿಗೆ ಸಿಟ್ಟು ಬಂದಿತ್ತು. ನನ್ನ ನಾಟಕ, ನನ್ನ ಸಾಲು, ಇದನ್ನು ಕೆಡಿಸುವುದಕ್ಕೆ ಇವರ್ಯಾರು ಅನ್ನಿಸಿತು. ಇಷ್ಟೇ ಕಾರಣ. ಇದಕ್ಕಿಂತ ದೊಡ್ಡದು ಯಾವುದೂ ಇರಲಿಲ್ಲ — ಹುಡುಕಿ ನೋಡಿದ್ದೇನೆ.

ಕೆಲವು ದಿನ ಬಿಟ್ಟು ಫೋನ್ ಮಾಡಿದೆ. ಕೋವಿಡ್ ಮತ್ತೆ ಜಾಸ್ತಿಯಾಗಿದೆ, ಹಾಲ್ ಸಿಗುತ್ತಿಲ್ಲ, ನಾಟಕ ರದ್ದು ಅಂದೆ. ಪರವಾಗಿಲ್ಲ, ಮುಂದೆ ಯಾವಾಗಲಾದರೂ ಆಗಲಿ ಅಂದರು. ಅದೇ ಸಂಜೆ ಪ್ರಸನ್ನನಿಗೆ ಫೋನ್ ಮಾಡಿದೆ. ಲಾಸ್ ಏಂಜಲೀಸ್ ಕಡೆಯ ಸ್ಯಾನ್ ಪೀಡ್ರೊದ ಬಂದರಿನ ಆಫೀಸಿನಲ್ಲಿ ಕೆಲಸ ಮಾಡುವ ಹುಡುಗ, ನಾಟಕವೆಂದರೆ ಪ್ರಾಣ. ಗೆಥಿನ್‌ಗೆ ಹುಷಾರಿಲ್ಲಪ್ಪಾ, ನೀನೇ ದೊರೆ ಆಗು ಅಂದೆ. ಪಾಪ, ಅವನು ನಂಬಿದ. ಉಳಿದವರಿಗೂ ಅದನ್ನೇ ಹೇಳಿದೆ.

ಯುಗಾದಿಗೆ ಲಾಸ್ ಏಂಜಲೀಸ್‌ನ ಸ್ಕೂಲೊಂದರ ಆಡಿಟೋರಿಯಮ್‌ನಲ್ಲಿ ನಾಟಕವಾಯಿತು. ಪ್ರಸನ್ನ ಹೊಂಬಣ್ಣದ ವಿಗ್ ಹಾಕಿಕೊಂಡು ಬಂದು 'ಈ ಹಲ್ಲಿ ನಮ್ಡು' ಅಂದ. ಹಾಲ್ ಕಿತ್ತುಹೋಗುವ ಹಾಗೆ ನಕ್ಕರು. ಆ ಕ್ಷಣ ಆ ತಾಯಿಯ ಮಾತು ನೆನಪಾಗಿ ನನ್ನ ನಗು ಗಂಟಲಲ್ಲೇ ನಿಂತಿತು ಎಂದು ಬರೆದರೆ ಓದುವುದಕ್ಕೆ ಚೆನ್ನಾಗಿರುತ್ತದೆ — ಆದರೆ ಸುಳ್ಳು. ನಾನು ಸೈಡ್ ವಿಂಗಿನಲ್ಲಿ ಹೊಟ್ಟೆ ಹಿಡಿದುಕೊಂಡು ನಕ್ಕೆ. ನೆನಪಾದದ್ದು ಹಿಂದಿರುಗುವಾಗ, ಹೈವೇಯಲ್ಲಿ, ಹೆಗಲ ಮೇಲೆ ಇನ್ನೂ ಶಾಲು ಇದ್ದಾಗ.

ಆಗಲಾದರೂ ಹೇಳಬಹುದಿತ್ತಲ್ಲ? ಹೇಳಲಿಲ್ಲ. ವಾಕಿಂಗಿಗೆ ಬೇರೆ ಜಾಗ ಹುಡುಕಿಕೊಂಡೆ. ಅವರು ಮಾತ್ರ ಫೋನ್ ಮಾಡುವುದನ್ನು ಬಿಡಲಿಲ್ಲ. 'ಹೋದ', 'ಹೋಗಿದ್ದ', 'ಹೋಗಿಬಿಟ್ಟ' — ಇವುಗಳ ನಡುವೆ ಏನು ವ್ಯತ್ಯಾಸ, ಹೇಳಿ ಅನ್ನುವರು. ನಾನು ಒಗ್ಗರಣೆ ಹಾಕುತ್ತಾ ಸ್ಪೀಕರಿನಲ್ಲಿ ಉತ್ತರ ಕೊಡುವೆ. ಕೊನೆಗೆ ಪ್ರತಿ ಸಲವೂ — ನಾಟಕ ಯಾವಾಗ? ನೋಡೋಣ ಅನ್ನುವೆ. ಎಂಥ ಬಾಯಿ ನನ್ನದು!

ಈ ವರ್ಷ ಕ್ಯಾರಿಸ್ ಫೋನ್ ಮಾಡಿದಳು. ಅಪ್ಪನ ಕಿವಿ ಮಂದವಾಗುತ್ತಿದೆ, ಇನ್ನೂ ಮಂದವಾಗುತ್ತದೆ ಎಂದು ಡಾಕ್ಟರ್ ಹೇಳಿದ್ದಾರೆ. ಎದುರಿನವರ ಮಾತು ಇನ್ನೂ ಕಿವಿಗೆ ಬೀಳುತ್ತಿರುವಾಗಲೇ ಆ ನಾಟಕ ಆಗಬಹುದಾ ಎಂದು ಅಪ್ಪ ಕೇಳುತ್ತಿದ್ದಾರೆ, ದಿನಾ ಸಾಲುಗಳನ್ನು ಹೇಳಿಕೊಳ್ಳುತ್ತಾರೆ ಅಂದಳು. ಮಾರನೆಯ ದಿನವೇ ಹೋದೆ. ಅವರ ಎದುರು ಕೂತು, ಜೋರಾಗಿ — ಕಿವಿ ಕೇಳಿಸಬೇಕಲ್ಲ, ಇಂಥದ್ದನ್ನು ಮೆಲ್ಲಗೆ ಹೇಳುವ ಸೌಕರ್ಯವೂ ನನಗೆ ಸಿಗಲಿಲ್ಲ — ಎಲ್ಲ ಹೇಳಿ, ಸಾರಿ ಕೇಳಿದೆ.

"ಜನ ನಕ್ಕರಾ?" ಎಂದು ಕೇಳಿದರು.

"ನಕ್ಕರು."

"ನೀವು?"

"ನಾನೂ."

ಎದ್ದು ಒಳಗೆ ಹೋದರು. ಕ್ಯಾರಿಸ್ ನನ್ನ ಮುಖ ನೋಡದೆ ಬಾಗಿಲು ತೆಗೆದು ನಿಂತಳು. ಆಮೇಲೆ ಎಷ್ಟೋ ದಿನ ಅವರಿಂದ ಫೋನ್ ಇಲ್ಲ. ಮುಗಿಯಿತು ಅಂದುಕೊಂಡೆ, ಇದಕ್ಕೆ ನಾನು ತಕ್ಕವಳೇ ಅಂದುಕೊಂಡೆ.

ಒಂದು ಬೆಳಿಗ್ಗೆ ಅವರದೇ ಫೋನ್ ಬಂತು. ನಿಮ್ಮ ಸಾರಿ ಇಟ್ಟುಕೊಂಡು ನಾನೇನು ಮಾಡಲಿ, ನನಗೆ ಸ್ಟೇಜ್ ಬೇಕು — ಎಂದರು. ದೊರೆಯ ಪಾತ್ರ ಬೇಡವಂತೆ. ನಾಟಕದಲ್ಲಿ ಜಿಪುಣ ಶಾನುಭೋಗನೊಬ್ಬ ಇದ್ದಾನೆ; ಅದು ಬೇಕಂತೆ. ನಗಿಸುವುದು ನನ್ನ ಕಸುಬು, ಸರಿಯಾಗಿ ಮಾತಾಡಿಯೇ ನಗಿಸುತ್ತೇನೆ ಅಂದರು. ಇನ್ನೊಂದು ಷರತ್ತು — ನಾಟಕ ಶುರುವಾಗುವ ಮುಂಚೆ ನಾನು ಜನರ ಮುಂದೆ ನಿಂತು ನಡೆದದ್ದನ್ನು ಹೇಳಬೇಕು.

ಪ್ರಸನ್ನನಿಗೂ ಹೇಳಿದೆ. "ಏನ್ ಆಂಟಿ ನೀವು! ಅವರು ಬೇಡ ಅಂದಿದ್ದನ್ನ ನನ್ ಕೈಲಿ ಮಾಡಿಸಿದ್ರಲ್ಲ" ಅಂದ. ಆದರೂ ಮುಂದಿನ ಭಾನುವಾರ ಅಷ್ಟು ದೂರದಿಂದ ಡ್ರೈವ್ ಮಾಡಿಕೊಂಡು ಬಂದ. ಅವತ್ತಿನಿಂದ ಪ್ರತಿ ರಿಹರ್ಸಲಿನಲ್ಲೂ ಗೆಥಿನ್‌ಗೆ ತನ್ನ ತುಟಿ ಕಾಣುವ ಹಾಗೆ ಮುಂದೆಯೇ ಕೂತು, ಎದುರು ಪಾತ್ರಗಳ ಮಾತನ್ನು ತಾನೂ ಹೇಳುತ್ತಾನೆ. ನಾನು ದೊರೆಯ ಪಾತ್ರವನ್ನೇ ತೆಗೆದುಹಾಕಿ ನಾಟಕವನ್ನು ತಿದ್ದಿ ಬರೆದೆ.

ಮೊನ್ನೆ ಶಾನುಭೋಗರ ದೃಶ್ಯ ಮಾಡಿದೆವು. ಬಂದ ನೆಂಟ ಮಜ್ಜಿಗೆ ಕೇಳುತ್ತಾನೆ. "ಮಜ್ಜಿಗೆ ಕೊಟ್ಟರೆ ಬಾಯಾರಿಕೆ ಹೋಗುತ್ತೆ, ಬಾಯಾರಿಕೆ ಹೋದರೆ ನೀವೂ ಹೋಗ್ತೀರಿ, ಆಮೇಲೆ ಈ ಒಂಟಿ ಮುದುಕನಿಗೆ ಯಾರು ದಿಕ್ಕು?" ಅಂದರು ಗೆಥಿನ್, ನೆಂಟನ ಕೈಹಿಡಿದು, ಕಣ್ಣಲ್ಲಿ ನೀರು ತುಂಬಿಕೊಂಡು. ಗ್ಯಾರೇಜಿನಲ್ಲಿದ್ದವರೆಲ್ಲ ಹೋ ಎಂದು ನಕ್ಕರು. ಅವರು ನಗು ಇಳಿಯುವವರೆಗೂ ಆ ಕೈ ಬಿಡದೆ ಕಾದು, ಆಮೇಲೆ ಮುಂದಿನ ಮಾತು ಹೇಳಿದರು. ಎಂಥ ನಟನನ್ನು ನಾನು ಮನೆಯಲ್ಲಿ ಕೂರಿಸಿದ್ದೆ ಎಂದು ನನ್ನ ಮೇಲೇ ಸಿಟ್ಟು ಬಂತು. ಖುಷಿಯೂ ಆಯಿತು. ಎರಡೂ ನಿಜ.

ಬರುವ ಶನಿವಾರ ನಾಟಕ. ಲಾಸ್ ಏಂಜಲೀಸ್‌ನ ಅದೇ ಆಡಿಟೋರಿಯಮ್, ಬಹುಪಾಲು ಅದೇ ಜನ. ನನಗೆ ಶಾಲು ಹೊದಿಸಿದವರೂ ಬರುತ್ತಾರೆ. ಅವರ ಮುಂದೆ ಮೈಕ್ ಹಿಡಿದು ಏನೇನು ಹೇಳಬೇಕೋ ಎಲ್ಲ ಹೇಳುತ್ತೇನೆ, ಒಂದು ಮಾತೂ ಬಿಡುವುದಿಲ್ಲ. ಇಂಗ್ಲಿಷಿನಲ್ಲಿ ಹೇಳಲಾ, ನಿಮಗೂ ತಿಳಿಯುತ್ತದೆ ಎಂದು ಗೆಥಿನ್‌ರನ್ನು ಕೇಳಿದ್ದೆ. ಅವರು ತಲೆಯಾಡಿಸಿದರು.

"ಬೇಡ. ಕನ್ನಡದಲ್ಲೇ ಹೇಳಿ," ಎಂದರು, ಕನ್ನಡದಲ್ಲೇ. "ನನಗೆ ತಿಳಿಯುತ್ತೆ."