ಬರಿಮೈಯ ದಳಪತಿ

ಪ್ಯಾರಿಸ್ಸಿನ ನಮ್ಮ ಬೀದಿಯಲ್ಲಿ ಅಂಗಿ ಹೊಲಿಯುವ ಪೆರೀನಳಷ್ಟು ಬಿಗುಮಾನದ ಹೆಂಗಸು ಇನ್ನೊಬ್ಬಳಿರಲಿಲ್ಲ. ಅವಳ ಗಂಡ ಗಾಸಿಯಾನ್ ಜರ್ಮನರ ನಾಡಿನ ಯುದ್ಧದಲ್ಲಿ ಸತ್ತಿದ್ದ. ನಗಾರಿ ಬಾರಿಸಿ, ಸಮವಸ್ತ್ರದಲ್ಲೇ ಮಣ್ಣು ಮಾಡಿದರು ಎಂದು ಎಲ್ಲರಿಗೂ ಹೇಳುತ್ತಿದ್ದಳು. ಕೆಳಮನೆಯ ಅಗಸಗಿತ್ತಿಯಾದ ನನಗೆ ಮಾತ್ರ ನಿಜ ಗೊತ್ತಿತ್ತು. ಗಾಸಿಯಾನನ ಜೊತೆಗಾರ ಆನ್ಸೆಲ್ಮ್ ಒಂದು ಕಾಲು ಕಳೆದುಕೊಂಡು ಊರಿಗೆ ಬಂದವನೇ ಅವಳ ಬಾಗಿಲು ತಟ್ಟಿದ ದಿನ ನಾನು ಮೆಟ್ಟಿಲಲ್ಲೇ ಇದ್ದೆ.

"ಅತ್ತಿಗೆ, ಗಾಸಿಯಾನ್ ಸತ್ತ ರಾತ್ರಿ ರಣರಂಗಕ್ಕೆ ಕಳ್ರು ಬಂದು ಅವನ ಬಟ್ಟೆಯೆಲ್ಲ ಬಿಚ್ಕೊಂಡು ಹೋದ್ರು. ನೀವು ಹೊಲಿದ ಅಂಗೀನೂ ಬಿಡ್ಲಿಲ್ಲ..." ಎನ್ನುವಷ್ಟರಲ್ಲಿ ಅವನ ಮುಖಕ್ಕೆ ಬಾಗಿಲು ಬಿತ್ತು.

ಊರಿಗೆಲ್ಲ ಅಂಗಿ ಹೊಲಿಯುವವಳ ಗಂಡ ಬರಿಮೈಯಲ್ಲಿ ಗುಂಡಿ ಸೇರಿದ! ಆ ನಾಚಿಕೆ ಅವಳನ್ನು ವರ್ಷಗಟ್ಟಲೆ ಒಳಗೊಳಗೇ ತಿಂದಿತು. ಆನ್ಸೆಲ್ಮ್ ಎದುರಾದರೆ ಬೀದಿಯ ಆಚೆ ಬದಿಗೆ ಸರಿದುಬಿಡುತ್ತಿದ್ದಳು.

ಒಂದು ಬೇಸಿಗೆ, ದೊರೆಯ ಹೆಸರಿನ ಸಂತನ ಹಬ್ಬದ ದಿನ, ಲೂವ್ರ್ ಅರಮನೆಯಲ್ಲಿ ಚಿತ್ರಪ್ರದರ್ಶನ ತೆರೆಯಿತು. ಬಿಟ್ಟಿ ಎಂದಮೇಲೆ ನಾನು ಬಿಡುತ್ತೇನೆಯೇ? ಪೆರೀನಳನ್ನೂ ಎಳೆದುಕೊಂಡು ಹೋದೆ. ಮೀನು ಮಾರುವವರು, ಜಹಗೀರುದಾರರು, ಎಲ್ಲರ ಮೊಣಕೈಯೂ ಎಲ್ಲರ ಪಕ್ಕೆಗೆ. "ಮೆಟ್ಬೇಡ್ರೀ, ಅದು ಕಾಲು, ನೆಲ ಅಲ್ಲ!" ಎಂದು ಬೈಯುತ್ತಲೇ ತಲೆಯೆತ್ತಿದೆ. 

ಗೋಡೆಯಗಲದ ಚಿತ್ರ. ಯಾವುದೋ ಗ್ರೀಕ್ ದಳಪತಿ ರಣರಂಗದಲ್ಲಿ ಪ್ರಾಣ ಬಿಡುತ್ತಿದ್ದಾನೆ. ಎದೆಯಲ್ಲಿ ಭರ್ಜಿಯ ಗಾಯ, ಮೈಮೇಲೆ ಒಂದೆಳೆ ನೂಲಿಲ್ಲ. ಒಬ್ಬ ಸೈನಿಕ ಅವನ ತಲೆಯನ್ನು ತೊಡೆಯ ಮೇಲಿಟ್ಟುಕೊಂಡು ಅಳುತ್ತಿದ್ದಾನೆ. ಬೆಳಕೆಲ್ಲ ಆ ಬರಿಮೈಯ ಮೇಲೆಯೇ. ಬರೀ ಬಣ್ಣವೆಂದು ಗೊತ್ತಿದ್ದೂ ನಾನು ಎದೆಯ ಮೇಲೆ ಶಿಲುಬೆಯ ಗುರುತು ಮಾಡಿಕೊಂಡೆ.

ಪೆರೀನ್ ಹೆಗಲ ಶಾಲು ಕಿತ್ತು ಮುಂದೆ ನುಗ್ಗಿದಳು. "ಅಯ್ಯೋ, ಇವರನ್ನೂ ದೋಚಿದಾರೆ ಕಣೇ! ಮುಚ್ರೀ ಯಾರಾದ್ರೂ!"

ಹಿಂದೆ ಯಾರೋ ಕಿಸಕ್ಕೆಂದರು. ಕಾವಲಿನವನು "ಮುಟ್ಬೇಡಮ್ಮ" ಎಂದು ತಡೆದ. ಅವಳು ಹಿಂದಿರುಗಿ ನೋಡಿದಳು. ದೊಡ್ಡದೊಡ್ಡವರೆಲ್ಲ ಟೋಪಿ ತೆಗೆದು ನಿಂತಿದ್ದರು. ಕೆಲವರ ಕಣ್ಣು ಒದ್ದೆಯಾಗಿತ್ತು.

"ಬರಿಮೈ ಕಂಡು ಯಾರಿಗೂ ನಾಚಿಕೆ ಆಗ್ತಿಲ್ವಲ್ಲೇ," ಎಂದಳು ಮೆಲ್ಲಗೆ. ಬಹಳ ಹೊತ್ತು ದಳಪತಿಯ ತಲೆಯನ್ನು ತೊಡೆಯ ಮೇಲಿಟ್ಟುಕೊಂಡ ಆ ಸೈನಿಕನನ್ನೇ ನೋಡುತ್ತ ನಿಂತಳು. ಆಮೇಲೆ ಸರಸರನೆ ಹೊರಟವಳು ಸೇತುವೆಯ ತನಕ ನಿಲ್ಲಲಿಲ್ಲ. ನಾನು ಏದುಸಿರು ಬಿಡುತ್ತ ಹಿಂದೆ ಓಡಿದೆ. ಆನ್ಸೆಲ್ಮ್ ಅಲ್ಲಿ ದಾರಿಹೋಕರ ಬೂಟು ಉಜ್ಜಿ ಹೊಟ್ಟೆ ಹೊರೆಯುತ್ತಿದ್ದ.

"ಆನ್ಸೆಲ್ಮ್, ಅವತ್ತು ನಮ್ಮವರ ತಲೆ ಯಾರು ಹಿಡ್ಕೊಂಡಿದ್ರು?"

ಅವನ ಕೈಯ ಬ್ರಷ್ಷು ನಿಂತಿತು. "ನಾನೇ, ಅತ್ತಿಗೆ. ಕಾಲು ಮುರಿದಿತ್ತು, ಕಳ್ರನ್ನ ಓಡ್ಸೋಕಾಗ್ಲಿಲ್ಲ. ಆದ್ರೆ ಬೆಳಗಾಗೋವರ್ಗೂ ಅವನ ತಲೆ ನನ್ನ ತೊಡೆಯಿಂದ ಇಳಿಸ್ಲಿಲ್ಲ."

"ಇಷ್ಟು ವರ್ಷ ಯಾಕೋ ಹೇಳ್ಲಿಲ್ಲ?"

"ಹೇಳೋಕೇ ಬಂದಿದ್ದೆ. ನೀವು ಬಾಗ್ಲು ಹಾಕ್ಬಿಟ್ರಿ."

ಬಿಗುಮಾನದ ಪೆರೀನ್ ನಡುಸೇತುವೆಯಲ್ಲಿ, ಹೋಗಿಬರುವವರೆಲ್ಲರ ಎದುರು, ಅವನ ಪಕ್ಕ ನೆಲದ ಮೇಲೆ ಕುಳಿತಳು.

"ಈಗ ಹೇಳು," ಎಂದಳು.