ವೈನಿನ ಕಾಲು, ದೊಡ್ಡಪ್ಪನ ಟವೆಲ್ಲು

ತಾಳಿ, ಪುಟ ಮಗುಚಬೇಡಿ. ವೈನ್ ಅಂದ ತಕ್ಷಣ ಇದು ನಮಗಲ್ಲ ಅಂತ ಎದ್ದು ಹೋಗುವವರು ಎತ್ತಿನ ವ್ಯಾಪಾರ ಬರುವ ತನಕವಾದರೂ ಕಾಯಿರಿ. ಬರುತ್ತದೆ, ಮೊದಲ ಲೋಟ ತಿರುಗಿಸುವ ಹೊತ್ತಿಗೇ ಬರುತ್ತದೆ.

ಅದಕ್ಕೆ ಮುಂಚೆ ನನ್ನ ಯೋಗ್ಯತೆ ಹೇಳಿಬಿಡುತ್ತೇನೆ. ವೈನಿನ ಬಗ್ಗೆ ನನಗೆ ಗೊತ್ತಿರುವುದೆಲ್ಲ ಫೋನಿನಲ್ಲಿ ಕಲಿತದ್ದು. ಕೊತ್ತತ್ತಿಯ ನಮ್ಮ ಮನೆ ಜಗಲಿಯಲ್ಲಿ, ಚಾರ್ಜರ್ ವೈರು ಎಟುಕುವ ಒಂದೇ ಜಾಗದಲ್ಲಿ ಕೂತು, ಎರಡು ವರ್ಷ ವಿಡಿಯೊ ನೋಡಿದ್ದೇನೆ. ಫ್ರಾನ್ಸಿನ ಯಾವ ಗುಡ್ಡದ ಯಾವ ಮಗ್ಗುಲಿಗೆ ಬಿಸಿಲು ಎಷ್ಟು ಹೊತ್ತಿಗೆ ಬೀಳುತ್ತದೆ ಅಂತ ಹೇಳಬಲ್ಲೆ. ನಮ್ಮ ಮೇಲಿನ ತಾಕಿಗೆ ನಾಲೆ ನೀರು ಯಾವ ವಾರ ಬರುತ್ತದೆ ಅಂತ ಕೇಳಿದರೆ ಮಾತ್ರ ಅಪ್ಪನನ್ನು ಕೇಳಿ ಹೇಳಬೇಕು. ಇನ್ನು ಕುಡಿದದ್ದು ಅಂದರೆ, ಮಂಡ್ಯದ ಅಂಗಡಿಯಲ್ಲಿ ಸಿಕ್ಕ ಎರಡು ಬಗೆ, ಅದೂ ಸ್ಟೀಲ್ ಲೋಟದಲ್ಲಿ. ಅದರಲ್ಲಿ ಬ್ಲ್ಯಾಕ್‌ಕರಂಟ್ ಹಣ್ಣಿನ ಪರಿಮಳ ಇದೆ ಅಂತ ಸ್ನೇಹಿತರಿಗೆ ವಿವರಿಸಿದ್ದೆ. ಆ ಹಣ್ಣನ್ನು ನಾನು ಐಸ್‌ಕ್ರೀಮಿನಲ್ಲಿ ಬಿಟ್ಟರೆ ಬೇರೆಲ್ಲೂ ಕಂಡಿಲ್ಲ.

ಈ ವಿದ್ಯೆಯ ಬಲದ ಮೇಲೆ ನನಗೆ ಅರ್ಧ ಎಕರೆ ಬೇಕಾಗಿತ್ತು. ಮೇಲಿನ ತಾಕಿನ ಕಬ್ಬು ಕಡಿದಾಗಿತ್ತು. ಕೂಳೆ ಕಿತ್ತು ಹೊಸ ಕಬ್ಬು ನೆಡಲು ಎರಡು ವಾರ ಬಾಕಿ. ಅಷ್ಟರೊಳಗೆ ಆ ನೆಲವನ್ನು ವೈನ್ ದ್ರಾಕ್ಷಿಗೆ ಬಿಡಿಸಿಕೊಳ್ಳಬೇಕು. ಒಂದು ಸಲ ಕಬ್ಬು ನಿಂತಿತು ಅಂದರೆ ಕಡಿದ ಬುಡ ಮತ್ತೆ ಚಿಗುರುವ ಕೂಳೆ ಬೆಳೆಯೂ ಸೇರಿ ಮೂರ್ನಾಲ್ಕು ವರ್ಷ ಆ ಕಡೆ ತಲೆ ಹಾಕುವ ಹಾಗಿಲ್ಲ. ಜಮೀನು ಇನ್ನೂ ಭಾಗವಾಗಿಲ್ಲ, ಆದ್ದರಿಂದ ಮೊದಲು ಅಪ್ಪನನ್ನು ಕೇಳಿದೆ.

"ಅಣ್ಣ ಊಂ ಅಂದ್ರೆ ನಂದೇನ್ಲಾ ತಕರಾರು," ಅಂದ ಅಪ್ಪ.

ಅಣ್ಣ ಅಂದರೆ ನಮ್ಮ ದೊಡ್ಡಪ್ಪ. ಎಪ್ಪತ್ತು ದಾಟಿದ ಮನುಷ್ಯ. ದನದ ಸಂತೆಗಳಲ್ಲಿ ಮೂವತ್ತು ವರ್ಷ ಎತ್ತಿನ ದಲ್ಲಾಳಿಯಾಗಿ ಓಡಾಡಿದವನು. ಈಗ ಊರಿನಲ್ಲಿ ಟ್ರ್ಯಾಕ್ಟರೇ ಜಾಸ್ತಿ. ಆದರೂ ಯಾರಾದರೂ ಜೋಡಿ ಕಟ್ಟುವುದಾದರೆ, ದೊಡ್ಡಪ್ಪ ಒಂದು ಸುತ್ತು ಬಂದು ನೋಡಿ ತಲೆ ಆಡಿಸದ ಹೊರತು ಹಗ್ಗ ಕೈಗೆ ತೆಗೆದುಕೊಳ್ಳುವುದಿಲ್ಲ.

"ದ್ರಾಕ್ಷಿನಾ? ನಾಲೆ ಬಯಲಲ್ಲಾ?" ಅಂದ ದೊಡ್ಡಪ್ಪ. "ನೀನ್ ನೋಡಿದ್ದೀಯೇನ್ಲಾ ದ್ರಾಕ್ಷಿ ತೋಟವ?"

"ವಿಡಿಯೋದಲ್ಲಿ ನೋಡಿವ್ನಿ ದೊಡ್ಡಪ್ಪ."

"ವಿಡಿಯೋದಲ್ಲಿ ನೋಡಿ ಎತ್ ತಂದೋನ ಕೊಟ್ಗೆ ಇನ್ನೂ ಖಾಲಿ ಅದೆ. ಮೊದ್ಲು ತೋಟ ತೋರ್ಸು, ಆಮೇಕೆ ಮಾತಾಡುಮ."

ತೋರಿಸಲು ತೋಟವೇನೂ ದೂರ ಇರಲಿಲ್ಲ. ಮದ್ದೂರಿನಿಂದ ಮಳವಳ್ಳಿ ಕಡೆ ಹೋಗುತ್ತಾ ಒಂದು ಕಡೆ ಒಳಕ್ಕೆ ತಿರುಗಿದರೆ ಹೊಸದಾಗಿ ಒಂದು ವೈನ್ ತೋಟ ಎದ್ದಿದೆ. ಬೈಕಿನಲ್ಲಿ ಹೋಗಿ ಗೇಟಿನಲ್ಲಿ ವಿಚಾರಿಸಿದೆ. "ಇಂಗೆಲ್ಲ ಒಬ್ಬೊಬ್ರನ್ನ ಬುಡಂಗಿಲ್ಲ ಕಣಪ್ಪ. ಬೆಂಗ್ಳೂರಿಂದ ಪ್ಯಾಕೇಜ್ ಬತ್ತದೆ, ಅದ್ರಲ್ ಬಾ," ಅಂದ ವಾಚ್‌ಮನ್. ಹೀಗಾಗಿ ನಮ್ಮೂರಿನಿಂದ ಒಂದು ಗಂಟೆ ದಾರಿಯ ತೋಟ ನೋಡಲು ಬೆಂಗಳೂರಿನವರ ಹತ್ತಿರ 'ಅರ್ಧ ದಿನದ ಗ್ರಾಮೀಣ ವೈನ್ ಅನುಭವ' ಬುಕ್ ಮಾಡಿದೆ. ಭಾನುವಾರ ಬೆಳಿಗ್ಗೆ ಗ್ರಾಮೀಣರಾದ ನಾವಿಬ್ಬರೂ ಗ್ರಾಮ ಬಿಟ್ಟು ಬಸ್ಸಿನಲ್ಲಿ ಮದ್ದೂರಿಗೆ ಬಂದು, ಹೆದ್ದಾರಿ ಪಕ್ಕದ ಹೋಟೆಲಿನ ಮುಂದೆ ಕಾದು ನಿಂತು, ಗ್ರಾಮ ನೋಡಲು ಬಂದ ವ್ಯಾನ್ ಹತ್ತಿದೆವು.

ವ್ಯಾನಿನಲ್ಲಿ ಬೆಂಗಳೂರಿನ ಎಂಟು ಜನ, ಒಬ್ಬಳು ಗೈಡ್ ಹುಡುಗಿ. ದೊಡ್ಡಪ್ಪ ಬಿಳಿ ಪಂಚೆ, ಇಸ್ತ್ರಿ ಅಂಗಿ, ಹೆಗಲ ಮೇಲೆ ಟವೆಲ್ಲು ಹಾಕಿಕೊಂಡು ಬಂದಿದ್ದ. ಅಗಲದ ಟೋಪಿ ಹಾಕಿದ್ದ ಒಬ್ಬರು ಮೇಡಂ ಅವನನ್ನು ನೋಡಿ, ಇವರು ಪ್ಯಾಕೇಜು ಕೊಂಡವರೋ ಪ್ಯಾಕೇಜಿನ ಜೊತೆ ಬರುವವರೋ ತಿಳಿಯದೆ, ಯಾವುದಕ್ಕೂ ಇರಲಿ ಅಂತ ಒಂದು ಫೋಟೊ ತೆಗೆದುಕೊಂಡರು.

ಸ್ವಲ್ಪ ದೂರ ಹೋದ ಮೇಲೆ ವ್ಯಾನ್ ಒಂದು ಗದ್ದೆ ಪಕ್ಕ ನಿಂತಿತು. ಗೈಡ್ ಹುಡುಗಿ ಎಲ್ಲರನ್ನೂ ಇಳಿಸಿ, ಇದು ಕಬ್ಬು, ಇದರಿಂದಲೇ ಸಕ್ಕರೆ ಬರುವುದು ಅಂತ ಇಂಗ್ಲಿಷಿನಲ್ಲಿ ತೋರಿಸಿದಳು. ದೊಡ್ಡಪ್ಪನೂ ಇಳಿದು ಗಂಭೀರವಾಗಿ ನೋಡಿದ.

"ಏನ್ಲಾ, ಇದ್ಕೂ ಸೇರ್ಸಿ ದುಡ್ ಕಟ್ಟಿದ್ದೀಯಾ?"

"ಊಂ ದೊಡ್ಡಪ್ಪ."

"ಅಂಗಾರೆ ಸರ್ಯಾಗ್ ನೋಡ್ಕಳುಮ ಬುಡು." ಎಲ್ಲರೂ ವ್ಯಾನ್ ಹತ್ತಿದ ಮೇಲೂ ಅವನೊಬ್ಬ ಅಲ್ಲೇ ನಿಂತಿದ್ದ.

ತೋಟದ ಒಳಗೆ ಗಾಜಿನ ಕೋಣೆ, ಏ.ಸಿ., ಉದ್ದನೆಯ ಮೇಜು, ಬಿಳಿ ಬಟ್ಟೆ. ಒಬ್ಬೊಬ್ಬರ ಮುಂದೆ ನಾಲ್ಕು ನಾಲ್ಕು ಲೋಟ. ದೊಡ್ಡಪ್ಪ ಕುಡಿಯದವನಲ್ಲ, ಬಾಡೂಟದ ದಿನ ಬ್ರಾಂದಿ ಆಗುತ್ತದೆ. ಆದರೆ ಬೆಳಿಗ್ಗೆ ಹನ್ನೊಂದು ಗಂಟೆಗೆ, ಹೆಂಗಸರ ಎದುರು, ಬಿಳಿ ಬಟ್ಟೆ ಹಾಸಿದ ಮೇಜಿನ ಮುಂದೆ ಕೂತು ಕುಡಿದವನಲ್ಲ. ಲೋಟದ ತಳ ನೆನೆಯುವಷ್ಟು ಹಾಕಿದ್ದನ್ನು ನೋಡಿ, "ಇದೇನ್ಲಾ ತೀರ್ತ ಕೊಟ್ಟಂಗೆ," ಅಂತ ನನ್ನ ಕಿವಿಯಲ್ಲಿ ಅಂದ.

ಗೈಡ್ ಹುಡುಗಿಯೇ ಏಪ್ರನ್ ಕಟ್ಟಿಕೊಂಡು ಇಂಗ್ಲಿಷಿನಲ್ಲಿ ಶುರು ಮಾಡಿದಳು. ಅವಳ ಒಂದೊಂದು ವಾಕ್ಯಕ್ಕೂ ದೊಡ್ಡಪ್ಪ "ಏನಂತೆ?" ಅನ್ನುತ್ತಿದ್ದ. ಎರಡು ವರ್ಷದ ನನ್ನ ತಪಸ್ಸು ಫಲಿಸುವ ಹೊತ್ತು ಬಂದಿತ್ತು. ಹೇಳಲು ಕೂತೆ.

"ಲೋಟದೊಳಗೆ ಸುಳಿ ಏಳಂಗೆ ತಿರುಗಿಸ್ಬೇಕಂತೆ ದೊಡ್ಡಪ್ಪ."

ಅಲ್ಲಿಯವರೆಗೆ ಏ.ಸಿ. ಮೇಲೆ ಕಣ್ಣಿಟ್ಟಿದ್ದವನು ಸರಕ್ಕನೆ ತಿರುಗಿದ. "ಸುಳಿ ನೋಡ್ತಾರಾ ಇವ್ರೂವೆ?"

ಎತ್ತಿನ ಮೈಮೇಲೆ ಕೂದಲು ಸುತ್ತಿಕೊಂಡಿರುವ ಗುರುತಿಗೆ ನಮ್ಮ ಕಡೆ ಸುಳಿ ಅನ್ನುತ್ತಾರೆ. ಯಾವ ಜಾಗದಲ್ಲಿದ್ದರೆ ಮನೆಗೆ ಒಳ್ಳೆಯದು, ಯಾವ ಜಾಗದಲ್ಲಿದ್ದರೆ ಮನೆ ಹಾಳು ಅಂತ ನೋಡದೆ ಯಾರೂ ಎತ್ತು ಕೊಳ್ಳುವುದಿಲ್ಲ. ಇದು ಆ ಸುಳಿಯಲ್ಲ ಅಂತ ನಾನು ಆಗಲೇ ತಿದ್ದಬೇಕಾಗಿತ್ತು. ಅರ್ಧ ಎಕರೆ ಕಣ್ಣ ಮುಂದೆ ಬಂತು.

"ಊಂ, ಮೊದ್ಲು ಅದ್ನೇ ನೋಡೋದು," ಅಂದೆ.

ಆಮೇಲೆ ತಡೆಯೇ ಇರಲಿಲ್ಲ. ವೈನ್ ಲೋಟದ ಒಳಗೋಡೆಯಲ್ಲಿ ಗೆರೆಗೆರೆಯಾಗಿ ಇಳಿಯುತ್ತದಲ್ಲ, ಅದಕ್ಕೆ ಇಂಗ್ಲಿಷಿನಲ್ಲಿ 'ಲೆಗ್ಸ್' ಅನ್ನುತ್ತಾರೆ. "ಕಾಲು ಚೆನ್ನಾಗವೆ ಅಂತವ್ಳೆ," ಅಂದೆ. 'ಬಾಡಿ' ಬಂತು. "ಮೈ ತುಂಬ್ಕೊಂಡದೆ ಅಂತೆ," ಅಂದೆ. ನುಂಗಿದ ಮೇಲೂ ರುಚಿ ಬಹಳ ಹೊತ್ತು ನಿಂತರೆ 'ಫಿನಿಶ್' ಉದ್ದ ಅನ್ನುತ್ತಾರೆ. ಅದನ್ನು "ಬಾಲ ಉದ್ದ" ಅಂದುಬಿಟ್ಟೆ. ಬೇರೆ ಏನು ಅನ್ನಬೇಕಿತ್ತೋ ಇವತ್ತಿಗೂ ಹೊಳೆದಿಲ್ಲ.

ದೊಡ್ಡಪ್ಪನ ಬೆನ್ನು ನೆಟ್ಟಗಾಯಿತು. ಇವು ಅವನ ಮಾತುಗಳು. ಲೋಟವನ್ನು ಕಿಟಕಿ ಬೆಳಕಿಗೆ ಹಿಡಿದ. ಎತ್ತು ಹೇಗೆ ನಿಂತಿದೆ ಅಂತ ಬಗ್ಗಿ ನೋಡುವ ಹಾಗೆ, ಕತ್ತು ಮೇಜಿನ ಮಟ್ಟಕ್ಕೆ ಇಳಿಸಿ, ಒಂದು ಕಣ್ಣು ಮುಚ್ಚಿ, ಕೆಳಗಿನಿಂದ ಮೇಲಕ್ಕೆ ನೋಡಿದ. ಗೈಡ್ ಹುಡುಗಿ ಮಾತು ನಿಲ್ಲಿಸಿದಳು. ವೈನ್ ನೋಡುವುದು ಅಂದರೆ ಹೀಗೆ, ಅಂಕಲ್‌ನ ನೋಡಿ ಕಲೀರಿ ಅಂತ ಎಲ್ಲರಿಗೂ ಹೇಳಿದಳು. ಬೆಂಗಳೂರಿನ ಎಂಟು ಜನವೂ ಕತ್ತನ್ನು ಮೇಜಿಗೆ ಇಳಿಸಿ ಒಂದೊಂದು ಕಣ್ಣು ಮುಚ್ಚಿದರು. ಟೋಪಿ ಮೇಡಂ ಟೋಪಿ ತೆಗೆದು ಪಕ್ಕಕ್ಕಿಟ್ಟರು.

ಅರ್ಧ ಎಕರೆಯಲ್ಲಿ ಕಾಲು ಎಕರೆ ನನ್ನ ಕೈಗೆ ಬಂತು ಅಂದುಕೊಂಡೆ.

"ಅಲ್ಲು?" ಅಂದ ದೊಡ್ಡಪ್ಪ.

"ಏನ್ ದೊಡ್ಡಪ್ಪ?"

"ಕಾಲ್ ಏಳುದ್ಲು, ಮೈ ಏಳುದ್ಲು, ಬಾಲ ಏಳುದ್ಲು. ಅಲ್ಲೆಷ್ಟು?"

ಎತ್ತಿನ ವಯಸ್ಸು ಇರುವುದು ಹಲ್ಲಿನಲ್ಲಿ. ಎರಡು ಹಲ್ಲು, ನಾಲ್ಕು ಹಲ್ಲು, ಆರು ಹಲ್ಲು, ಎಲ್ಲ ಬಂದ ಮೇಲೆ ಬಾಯಿಗೂಡಿದ್ದು. ಇದು ಯಾವ ವರ್ಷದ ವೈನು ಅಂತ ಹುಡುಗಿಯನ್ನು ಕೇಳಿದೆ. "ಇದು ಬ್ಲೆಂಡ್ ಸರ್, ಬಾಟ್ಲಿ ಮೇಲೆ ವರ್ಷ ಹಾಕಲ್ಲ," ಅಂದಳು.

"ಎರಡ್ಮೂರು ವರ್ಸದ್ದು ಕೂಡ್ಸವ್ರಂತೆ ದೊಡ್ಡಪ್ಪ. ವಯಸ್ಸು ಏಳಾಕಾಗಲ್ವಂತೆ."

ದೊಡ್ಡಪ್ಪ ಟವೆಲ್ಲನ್ನು ಎಡ ಹೆಗಲಿನಿಂದ ಬಲ ಹೆಗಲಿಗೆ ಹಾಕಿಕೊಂಡ. "ಬಾಯ್ ತೆಗ್ಸಾಕ್ ಬುಡ್ದೆ ಮಾರೋನ ತಾವ ಒಸಿ ಉಸಾರಾಗಿರ್ಬೇಕು ಕಣ್ಲಾ," ಅಂದು ಲೋಟವನ್ನು ಒಂದೇ ಸಲಕ್ಕೆ ಎತ್ತಿದ. ಮಿಕ್ಕವರೆಲ್ಲ ವೈನನ್ನು ಬಾಯಿ ಮುಕ್ಕಳಿಸುವ ಹಾಗೆ ಆಡಿಸುತ್ತಿದ್ದರು.

ಯಾವ ಹಣ್ಣಿನ ರುಚಿ ಬರ್ತಿದೆ ಅಂತ ಹುಡುಗಿ ಕೇಳಿದಳು. ನಾನು ಕೈ ಎತ್ತಿ, "ಬ್ಲ್ಯಾಕ್‌ಕರಂಟ್," ಅಂದೆ. ವೆರಿ ಗುಡ್ ಅಂದಳು. "ಅಂಕಲ್‌ಗೆ?"

"ನೇರಳೆಣ್ಣು ತಿಂದ್ಮೇಕೆ ನಾಲ್ಗೆ ಒಗ್ರಾಯ್ತದಲ್ಲ ಕಣಮ್ಮ, ಅಂಗದೆ."

ಆಗ ನಾನೂ ಇನ್ನೊಂದು ಗುಟುಕು ಕುಡಿದು ನೋಡಿದೆ. ನೇರಳೆಯೇ.

ನಾಲ್ಕು ಲೋಟ ಮುಗಿದ ಮೇಲೆ ತೋಟ ತೋರಿಸಲು ಹೊರಗೆ ಕರೆದುಕೊಂಡು ಹೋದರು. ಅಚ್ಚುಕಟ್ಟಾದ ಆರು ಸಾಲು ಬಳ್ಳಿ, ನಡುವೆ ಹೂವು ಸುತ್ತಿದ ಒಂದು ಉಯ್ಯಾಲೆ. ಒಳ್ಳೆಯ ವೈನ್ ಬೇಕಾದರೆ ಬಳ್ಳಿ ಕಷ್ಟಪಡಬೇಕು, ಅದಕ್ಕೆ ನೀರು ಜಾಸ್ತಿ ಕೊಡಬಾರದು ಅಂತ ಹುಡುಗಿ ಹೇಳಿದಳು.

"ಬಳ್ಳಿನ ಸತಾಯಿಸ್ಬೇಕಂತೆ ದೊಡ್ಡಪ್ಪ, ಆಗ ಅಣ್ಣು ರುಚಿ."

"ನಾವ್ ಸತಾಯಿಸ್ತೀವಿ ಅಂದ್ರೂ ನಾಲೆ ಬುಡ್ಬೇಕಲ್ಲ. ಬಂದ್ರೆ ಮೊಣ್ಕಾಲ್ಗಂಟ ನಿಲ್ತದೆ."

"ಬಸಿಗಾಲ್ವೆ ತೆಗೀಬೋದು."

 ದೊಡ್ಡಪ್ಪ ಸಾಲಿನೊಳಗೆ ಹೋಗಿ ಒಂದು ಬಳ್ಳಿಯ ಬುಡದಲ್ಲಿ ಕುಕ್ಕರಗಾಲಲ್ಲಿ ಕೂತ. ಬೆರಳಿನಿಂದ ಮಣ್ಣು ಕೆದಕಿದ. ಕಾಂಡವನ್ನು ಹಿಡಿದು ದಪ್ಪ ನೋಡಿದ. ಹೆಬ್ಬೆರಳನ್ನು ಕಾಂಡದ ಮೇಲೆ ಬುಡದಿಂದ ತುದಿಯವರೆಗೆ ಎಳೆದ. ಅಷ್ಟರಲ್ಲಿ ಪೈಪು ಹಿಡಿದು ನೀರು ಬಿಡುತ್ತಿದ್ದ ತೋಟದಾಳು ಹತ್ತಿರ ಬಂದ.

"ಯಾವೂರಪ್ಪ?" ಅಂದ ದೊಡ್ಡಪ್ಪ.

"ಅಲಗೂರ್ ತಾವ."

"ದನ ಕಟ್ಟಿದ್ರಾ ಮನೇಲಿ?"

"ನಮ್ಮಪ್ಪ ಕಟ್ಟಿದ್ರು. ಒಳ್ಳೊಳ್ಳೆ ಜೋಡಿ."

"ಓದ್ವರ್ಸ ಇಲ್ಲಿ ಎಷ್ಟ್ ಗಾಡಿ ಅಣ್ಣು ಕಿತ್ರಿ?"

ತೋಟದಾಳು ಗೈಡ್ ಹುಡುಗಿಯ ಕಡೆ ನೋಡಿದ. ಅವಳು ನಾಲ್ಕು ಹೆಜ್ಜೆ ಆಚೆ, ಉಯ್ಯಾಲೆ ಮೇಲೆ ಕೂತ ಟೋಪಿ ಮೇಡಂ ಅವರ ಫೋಟೊ ತೆಗೆಯುತ್ತಿದ್ದಳು. "ಕಿತ್ತೋ, ಅಂಗೇ..." ಅಂತ ಪೈಪಿನ ಕಡೆ ತಿರುಗಿದ.

ದೊಡ್ಡಪ್ಪ ಎದ್ದು ನಿಂತು ಹೆಗಲ ಟವೆಲ್ಲನ್ನು ತೆಗೆದು, ಬಲಗೈ ಮೇಲೆ ಹೊದಿಸಿ, ಕೈ ಚಾಚಿದ. ದನದ ಸಂತೆಯಲ್ಲಿ ಬೆಲೆಯನ್ನು ಬಾಯಲ್ಲಿ ಹೇಳುವುದಿಲ್ಲ. ಟವೆಲ್ಲಿನ ಅಡಿಯಲ್ಲಿ ಕೈ ಹಿಡಿದು ಬೆರಳು ಅದುಮಿ ತಿಳಿಸುತ್ತಾರೆ. ಸುತ್ತ ನಿಂತವರಿಗೆ ಏನೂ ಗೊತ್ತಾಗುವುದಿಲ್ಲ. ತೋಟದಾಳು ನಕ್ಕ. ಪೈಪು ಕೆಳಗೆ ಬಿಟ್ಟು, ಒದ್ದೆ ಕೈಯನ್ನು ಪ್ಯಾಂಟಿಗೆ ಒರೆಸಿ, ಟವೆಲ್ಲಿನೊಳಗೆ ತೂರಿಸಿದ. ಇಬ್ಬರ ಮುಖದಲ್ಲೂ ಏನೂ ಕಾಣಲಿಲ್ಲ.

ಕಂಡದ್ದು ಗೈಡ್ ಹುಡುಗಿಗೆ. "ಅಂಕಲ್, ಇದು ಇಲ್ಲಿನವರ ಆಶೀರ್ವಾದನಾ?" ಅಂತ ಓಡಿ ಬಂದಳು. ಹಿಂದೆಯೇ ಎಂಟು ಫೋನು ಬಂದವು. ಟೋಪಿ ಮೇಡಂ, ತುಂಬ ಚೆನ್ನಾಗಿತ್ತು, ಬೆಳಕು ಈ ಕಡೆ ಇದೆ, ಇನ್ನೊಂದು ಸಲ ಮಾಡ್ತೀರಾ ಅಂತ ಕೇಳಿದರು. ದೊಡ್ಡಪ್ಪ ಬೆಳಕಿನ ಕಡೆ ತಿರುಗಿ ಇನ್ನೊಂದು ಸಲ ಮಾಡಿದ.

ಮಧ್ಯಾಹ್ನ ವ್ಯಾನು ನಮ್ಮನ್ನು ಮದ್ದೂರಿನಲ್ಲಿ ಇಳಿಸಿ ಬೆಂಗಳೂರಿಗೆ ಹೋಯಿತು. ಬಸ್‌ಸ್ಟ್ಯಾಂಡಿನ ಕಲ್ಲು ಬೆಂಚಿನ ಮೇಲೆ ಕೂತ ಮೇಲೆ ಕೇಳಿದೆ.

"ಏನಂದ ದೊಡ್ಡಪ್ಪ ಅವ್ನು?"

"ಬೆಟ್ಟೇ ಕೊಡ್ನಿಲ್ಲ ಕಣ್ಲಾ. ಮುಷ್ಟಿ ಕಟ್ದ." ಬೆಟ್ಟು ಅಂದರೆ ಬೆರಳು. ಅವನು ತನ್ನ ಮುಚ್ಚಿದ ಮುಷ್ಟಿಯನ್ನು ನನಗೂ ತೋರಿಸಿದ. "ಒಂದ್ ಗಾಡೀನೂ ಇಲ್ಲ. ಆ ಬಳ್ಳಿ ಪಟ ತೆಗೆಸ್ಕೊಳಾಕೆ. ನಾವ್ ಕುಡುದ್ದು ಬ್ಯಾರೆ ಎಲ್ಲಿಂದ್ಲೋ ಬಂದದ್ದು."

ನನಗೆ ಸಿಟ್ಟು ಬಂತು, ಯಾರ ಮೇಲೆ ಅಂತ ಗೊತ್ತಾಗಲಿಲ್ಲ. "ಇವ್ರದ್ದೊಂದು ಸುಳ್ಳಾದ್ರೆ ದ್ರಾಕ್ಷಿನೇ ಸುಳ್ಳಾಯ್ತದಾ ದೊಡ್ಡಪ್ಪ?"

"ನಾನೆಲ್ಲಿ ಅಂಗಂದೆ? ಯಾಪಾರ ಅಂದ್ಮೇಕೆ ಕೊಂಬಿಗೆ ಒಸಿ ಬಣ್ಣ ಅಚ್ತಾರೆ, ಅದ್ಕೆ ನಂಗೇನ್ ಬೇಜಾರಿಲ್ಲ. ನಾನು ಮಣ್ ಕೆದ್ರುವಾಗ ನೀನೇನ್ ಮಾಡ್ತಿದ್ದೆ, ಅದೇಳು."

ನಾನು ಉಯ್ಯಾಲೆ ಪಕ್ಕ ನಿಂತು ಟೋಪಿ ಮೇಡಂಗೆ ಫ್ರಾನ್ಸಿನ ಗುಡ್ಡದ ಬಿಸಿಲಿನ ವಿಚಾರ ಹೇಳುತ್ತಿದ್ದೆ. 

"ಎರಡ್ ವರ್ಸದಿಂದ ದ್ರಾಕ್ಷಿ ದ್ರಾಕ್ಷಿ ಅಂತ ಜಪ ಮಾಡ್ತಿದ್ದೀಯೆ. ಬಳ್ಳಿ ಎದುರ್ಗೇ ಇತ್ತು. ಒಂದ್ ಎಲೆ ಮುಟ್ನಿಲ್ಲ ನೀನು. ಅರ್ದ ಎಕ್ರೆ ಕೊಡಾಕಿಲ್ಲ ಕಣ್ಲಾ."

ಮಂಡ್ಯ ಬಸ್ಸು ಬಂತು. ಅವನಿಗೆ ಸೀಟು ಸಿಕ್ಕಿತು, ನಾನು ನಿಂತೆ.  

ಗುರುವಾರ ಮೇಲಿನ ತಾಕಿನಲ್ಲಿ ಕಬ್ಬು ನೆಟ್ಟೆವು. ಬಿತ್ತನೆ ತುಂಡುಗಳನ್ನು ಬದುವಿನಿಂದ ಸಾಲಿಗೆ ಹೊತ್ತವನು ನಾನೇ. ಅವತ್ತಿನಿಂದ ವಿಡಿಯೊ ನೋಡುವುದು ಬಿಟ್ಟೆ ಅಂತ ಬರೆದರೆ ಚೆಂದ ಇರುತ್ತದೆ, ಬಿಟ್ಟಿಲ್ಲ. ಆದರೆ ನಾಲೆ ನೀರು ಯಾವ ವಾರ ಬರುತ್ತದೆ, ಬಂದ ನೀರು ಆ ಅರ್ಧ ಎಕರೆಯಲ್ಲಿ ಎಷ್ಟು ದಿನ ನಿಲ್ಲುತ್ತದೆ ಅಂತ ಈಗ ಒಂದು ನೋಟ್‌ಬುಕ್ಕಿನಲ್ಲಿ ಬರೆದಿಡುತ್ತಿದ್ದೇನೆ. ಆ ನೆಲ ಮತ್ತೆ ಖಾಲಿಯಾಗುವ ಹೊತ್ತಿಗೆ ದೊಡ್ಡಪ್ಪನನ್ನು ಇನ್ನೊಂದು ಸಲ ಕೇಳುವವನಿದ್ದೇನೆ.

ಅದಕ್ಕೇ ಇಷ್ಟು ಬರೆದದ್ದು. ನಾಲೆ ಬಯಲಿನಲ್ಲಿ ದ್ರಾಕ್ಷಿ ಹಾಕಿ ನೋಡಿದವರು ನಿಮ್ಮಲ್ಲಿ ಯಾರಾದರೂ ಇದ್ದರೆ, ಬೇರು ಕೊಳೆಯಿತೋ ಉಳಿಯಿತೋ, ನಿಮಗಾದದ್ದನ್ನು ಬರೆದು ತಿಳಿಸಿ. ಕೈಯಾರೆ ನೆಟ್ಟವರು ಮಾತ್ರ, ವಿಡಿಯೊ ನೋಡಿದವನು ನಾನೊಬ್ಬ ಸಾಕು. ಮನೆಯ ಹಿರಿಯರನ್ನು ಇಂಥ ಟೂರಿಗೆ ಕರೆದುಕೊಂಡು ಹೋಗಿ ಮಾನ ಕಳೆದುಕೊಂಡವರೂ ಬರೆಯಿರಿ. ಅದನ್ನು ದೊಡ್ಡಪ್ಪನಿಗೆ ಓದಿ ಹೇಳುವುದಿಲ್ಲ.